ಮೂವತ್ತೇಳನೇ ನಂಬರಿನ ಕಾಲು

ಆ ಗುರುವಾರ ಕುಪ್ಪುಸ್ವಾಮಿ ಕೆಲಸಕ್ಕೆ ಬರಲಿಲ್ಲ. ಆದದ್ದು ಇಷ್ಟೇ.

ಬೆಳಗಿನ ರೈಲಿಗೆ ಕೆ.ಜಿ.ಎಫ್. ಕಡೆಯಿಂದ ಬಂದ ಕದಿರಮ್ಮ, ಕಾರ್ಖಾನೆಯ ಗೇಟು ದಾಟುತ್ತಲೇ ಊಟದ ಚೀಲದಿಂದ ಕುಪ್ಪುಸ್ವಾಮಿ ಬರೆದುಕೊಟ್ಟ ಒಂದು ಚೀಟಿ ತೆಗೆದು ಶ್ರೀರಾಮಪ್ಪನ ಕೈಗಿಟ್ಟಳು. 'ಭಾಮೈದ ತೀರಿಕೊಂಡ ಹದಿನಾರನೇ ದಿನದ ಕಾರ್ಯ ಇರುವುದರಿಂದ ಒಂದು ದಿನ ರಜೆ ದಯಪಾಲಿಸಬೇಕು' ಎಂದಿತ್ತು. ಶ್ರೀರಾಮಪ್ಪ ಚೀಟಿಯನ್ನು ಎರಡು ಸಲ ಓದಿದ. ಮೂರನೇ ಸಲ ಹಿಂದುಮುಂದು ತಿರುಗಿಸಿ ನೋಡಿದ. ಸತ್ತವನ ಮೇಲೆ ಅವನಿಗೆ ಕೋಪವೇನೂ ಇರಲಿಲ್ಲ. ಸಾಯುವವನು ಒಂದು ದಿನ ಮುಂಚೆಯೇ ಮನಸ್ಸು ಮಾಡಬಾರದಿತ್ತೇ ಎಂದಷ್ಟೇ ಅನ್ನಿಸಿತು.

ಬಂಗಾರಪೇಟೆಯ ರೈಲ್ವೆ ಗೇಟಿನಾಚೆಯ ಆ ಕಾರ್ಖಾನೆಯಲ್ಲಿ ಹೊರದೇಶದ ಹೆಂಗಸರಿಗೆ ಬೂಟು ತಯಾರಾಗುತ್ತಿತ್ತು. ಹೊಸ ಮಾದರಿಯ ಬೂಟನ್ನು ಸಾವಿರಗಟ್ಟಲೆ ಹೊಲಿಯುವ ಮೊದಲು ಒಂದು ಜೊತೆ ಮಾಡಿ, ಜೀವವಿರುವ ಕಾಲಿಗೆ ಹಾಕಿ ನೋಡಬೇಕು. ಕುರ್ಚಿಯ ಮೇಲೆ ಒಬ್ಬಳು ಕೂರುತ್ತಾಳೆ. ಎದುರಿಗೆ ಮಣೆಯ ಮೇಲೆ ಒಬ್ಬ ಕೂತು, ಅವಳ ಕಾಲನ್ನು ತನ್ನ ಮಡಿಲಿಗೆ ಎತ್ತಿಕೊಂಡು ಬೂಟು ತೊಡಿಸಿ, ಹೆಬ್ಬೆರಳಿನಿಂದ ಮುಂದೆ ಒತ್ತಿ, ಪಕ್ಕ ಒತ್ತಿ, ಎಲ್ಲಿ ಕಚ್ಚುತ್ತದೆ ಎಂದು ಕೇಳಬೇಕು. ಒಂಬತ್ತು ವರ್ಷದಿಂದ ಆ ಮಣೆ ಕುಪ್ಪುಸ್ವಾಮಿಯದು. ಸ್ಯಾಂಪಲ್ ರೂಮಿನ ಸೂಪರ್‌ವೈಸರ್ ಆದ ಶ್ರೀರಾಮಪ್ಪ ಎರಡು ಮಾರು ದೂರದಲ್ಲಿ ಪೆನ್ನು ಹಿಡಿದು ನಿಂತು ಬರೆದುಕೊಳ್ಳುತ್ತಿದ್ದ.

ಅವತ್ತು ಮಧ್ಯಾಹ್ನ ಮೂರಕ್ಕೆ ಮದರಾಸಿನ ಹೆಡ್ಡಾಫೀಸಿನಿಂದ ದೊಡ್ಡ ಅಮ್ಮಾವ್ರು ಬಂದು ಬೂಟು ಹಾಕಿಸಿ ನೋಡುವವರಿದ್ದರು. ಬೂಟು ಪಾಸಾದರೆ ಆರು ತಿಂಗಳಿಂದ ತಾತ್ಕಾಲಿಕವಾಗಿರುವ ಶ್ರೀರಾಮಪ್ಪನ ಕೆಲಸ ಖಾಯಂ ಎಂದು ಮ್ಯಾನೇಜರು ಬಾಯಿಬಿಟ್ಟು ಹೇಳಿದ್ದರು. ಆಗದಿದ್ದರೆ ಮನೆಗೆ. ಬಿ.ಎ. ಮುಗಿಸಿ ನಾಲ್ಕು ವರ್ಷ ಊರಿನಲ್ಲಿ ಎಮ್ಮೆ ಹಿಂದೆ ತಿರುಗಿದವನಿಗೆ ಮನೆ ಎಂದರೇನೆಂದು ಚೆನ್ನಾಗಿ ಗೊತ್ತಿತ್ತು. ಅವನ ತಾಯಿಯೋ, ಮಗನಿಗೆ ಖಾಯಂ ಆಗಿಯೇಹೋಯಿತೆಂದು ಕಾಮಸಮುದ್ರದ ಸುತ್ತಮುತ್ತ ನಂಟರಿಗೆಲ್ಲ ಹೇಳಿಯಾಗಿತ್ತು.

ಕುಪ್ಪುಸ್ವಾಮಿ ಇಲ್ಲದಿದ್ದರೆ ತಾನೇ ಮಣೆಯ ಮೇಲೆ ಕೂರಬಹುದಿತ್ತಲ್ಲ? ಕೂರಬಹುದಿತ್ತು. ಆದರೆ ಎದುರಿನ ಕುರ್ಚಿಯ ಮೇಲೆ ಕೂರುವವಳು ಪಾಪಕ್ಕ.

ಪಾಪಕ್ಕ ಕಾರ್ಖಾನೆಯ ಅಂಗಳ ಗುಡಿಸುವವಳು. ಹಳಿಯಾಚೆಯ ಕಾಲೊನಿಯವಳು. ಎರಡು ವರ್ಷದ ಹಿಂದೆ ಕುಪ್ಪುಸ್ವಾಮಿ ಒಂದು ದಿನ ಸುಮ್ಮನೆ ಟೇಪು ಹಿಡಿದು ನೋಡಿದಾಗ ಅವಳ ಎರಡೂ ಪಾದ ಮೂವತ್ತೇಳನೇ ನಂಬರಿಗೆ ಕೂದಲೆಳೆ ಹೆಚ್ಚುಕಮ್ಮಿಯಿಲ್ಲದೆ ಸರಿಯಾಗಿ ಬಂದಿದ್ದವು. ಎಲ್ಲೋ ಜರ್ಮನಿಯಲ್ಲಿ ಕೂತು ಯಾರೋ ಕಡೆದ ಮರದ ಅಚ್ಚಿಗೂ ಬಂಗಾರಪೇಟೆಯ ಪಾಪಕ್ಕನ ಕಾಲಿಗೂ ಯಾವ ಜನ್ಮದ ನಂಟೋ. ಗಂಡ ಗಣಿಯಲ್ಲಿ ಸತ್ತ ಮೇಲೆ ಅವಳ ಬೆರಳುಗಳಲ್ಲಿ ಕಾಲುಂಗುರವೂ ಇರಲಿಲ್ಲ. ಕಾರ್ಖಾನೆಗೆ ಬೇಕಾಗಿದ್ದದ್ದು ಅಂಥದೇ ಕಾಲು. ಬೂಟು ನೋಡುವ ದಿನ ಅವಳು ಪೊರಕೆ ಒರಗಿಸಿಟ್ಟು, ನಲ್ಲಿಯಲ್ಲಿ ಕಾಲು ತೊಳೆದು ಬಂದು ಕೂರುತ್ತಿದ್ದಳು. ಮುಗಿದ ಮೇಲೆ ಮತ್ತೆ ಪೊರಕೆ. ಶ್ರೀರಾಮಪ್ಪ ಅವಳನ್ನು ಹೆಸರು ಹಿಡಿದು ಕರೆದವನಲ್ಲ. "ಕಾಲು ಬಂತೇನ್ರೀ ಕುಪ್ಪುಸ್ವಾಮಿ?" ಎಂದು ಕೇಳುತ್ತಿದ್ದ.

ಹಾಗೆಂದು ಅವನು ಕೆಟ್ಟವನಲ್ಲ. ಸತ್ತ ದನದ ಚರ್ಮವನ್ನು ದಿನವಿಡೀ ಮುಟ್ಟಿ, ಸಂಜೆ ಸೋಪು ಹಾಕಿ ಕೈ ತೊಳೆದು ಮನೆಗೆ ಹೋಗುತ್ತಿದ್ದ. ಬದುಕಿರುವ ಪಾಪಕ್ಕನ ಕಾಲು ಮುಟ್ಟಿದರೆ ಯಾವ ಸೋಪಿನಲ್ಲಿ ತೊಳೆಯಬೇಕೆಂಬುದು ಮಾತ್ರ ಅವನಿಗೆ ಯಾರೂ ಹೇಳಿಕೊಟ್ಟಿರಲಿಲ್ಲ.

"ಏನ್ ಶ್ರೀರಾಮಣ್ಣ, ಕುಪ್ಪುಸ್ವಾಮಿ ಬಂದಿಲ್ವಂತೆ?" ಪ್ಯಾಕಿಂಗಿನ ಜಯರಾಮಪ್ಪ ಆಗಲೇ ಬಾಗಿಲಿಗೆ ಬಂದು ಒರಗಿದ್ದ. ಅವನು ಶ್ರೀರಾಮಪ್ಪನ ಊರಿನವನೇ, ಒಂದೇ ಬೀದಿಯವನೇ. "ಅಂಗಾರೆ ಇವತ್ತು ಮಣೆ ಮ್ಯಾಲೆ ನೀನೇ ಕುಂತ್ಕಂತೀಯಾ?"

"ನಾನ್ಯಾಕೆ ಕುಂತ್ಕಳ್ಲಿ? ಬ್ಯಾರೆ ದಾರಿ ನೋಡ್ತಾ ಇವ್ನಿ."

"ನೋಡಪ್ಪಾ, ನಂದೇನೈತೆ. ನಾನಂತೂ ಊರ್ನಾಗೆ ಯಾರ್ಗೂ ಏಳಕ್ಕೋಗಲ್ಲ."

ಜಯರಾಮಪ್ಪ ಹೇಳುವುದಿಲ್ಲವೆಂದ ಸುದ್ದಿ ಸಂಜೆ ಹಾಲಿನ ಡೈರಿಯ ಸಾಲಿನಲ್ಲಿ ಹಾಲಿಗಿಂತ ಮೊದಲು ಅಳತೆಯಾಗುತ್ತಿತ್ತು.

"ಅಲ್ಲಾ ಕಣಣ್ಣ, ಇಷ್ಟು ದೊಡ್ಡ ಕಾರ್ಖಾನೆಗೆ ಅದೊಂದೇ ಕಾಲಾ ಇರಾದು?" ಜಯರಾಮಪ್ಪ ದನಿ ತಗ್ಗಿಸಿದ. "ಒಲಿಯೋ ಆಲ್‌ನಾಗೆ ನಮ್ ಜನದ ಎಂಗಸ್ರು ಎಷ್ಟೊಂದು ಅವ್ರೆ. ಟೇಪ್ ತಕ್ಕೊಂಡೋಗಿ ಅಳಿ. ಒಂದಾದ್ರೂ ಸಿಕ್ಕಾಕಿಲ್ವಾ?"

ಮುಳುಗುವವನಿಗೆ ಎಮ್ಮೆಯ ಬಾಲ ಸಿಕ್ಕಂತಾಯಿತು. ಶ್ರೀರಾಮಪ್ಪ ಟೇಪು, ಪೆನ್ಸಿಲು, ಒಂದು ಹೊಸ ರಿಜಿಸ್ಟರು ಹಿಡಿದು ಹೊಲಿಗೆಯ ಹಾಲಿಗೆ ನಡೆದ.

ಮೊದಲು ಚಿಕ್ಕವೆಂಕಟಮ್ಮ. ಕಾಗದದ ಮೇಲೆ ಕಾಲಿಡು ಎಂದದ್ದಕ್ಕೆ ಇಟ್ಟಳು. ರಾಗಿ ಹೊಲದಲ್ಲಿ ಬೆಳೆದ ಪಾದ ಕಾಗದದ ಅಂಚು ದಾಟಿ ಸಿಮೆಂಟಿನ ನೆಲದ ಮೇಲೆ ಹರಡಿಕೊಂಡಿತು. "ಇನ್ನೊಂದು ಕಾಗ್ದ ಅಂಟ್ಸಪ್ಪ" ಎಂದಳು. ಎರಡನೆಯವಳು ನರಸಮ್ಮ. ಎಡಗಾಲು ಮೂವತ್ತೇಳು, ಬಲಗಾಲು ಮೂವತ್ತೆಂಟು. ಇಷ್ಟು ದಿನ ಇದು ಗೊತ್ತಿಲ್ಲದೆ ಬದುಕಿದ್ದವಳು ಗೊತ್ತಾದ ಕೂಡಲೇ ಕುಂಟತೊಡಗಿದಳು.

ಮೂರನೆಯವಳು ಮುನಿರತ್ನಮ್ಮ. ಟೇಪು ಇಟ್ಟವನೇ ಶ್ರೀರಾಮಪ್ಪ ಉಸಿರು ಬಿಗಿಹಿಡಿದ. ಎಡಗಾಲು ಮೂವತ್ತೇಳು. ಬಲಗಾಲೂ ಮೂವತ್ತೇಳು. ಸಾಲದ್ದಕ್ಕೆ ದೂರದ ನಂಟಸ್ತಿಕೆ ಬೇರೆ. ಆದರೆ ಒಂದೊಂದು ಕಾಲಿನಲ್ಲೂ ಎರಡೆರಡು ದಪ್ಪ ಬೆಳ್ಳಿ ಉಂಗುರ.

"ಅರ್ಧ ಗಂಟೆ ಮಟ್ಟಿಗೆ ಕಾಲುಂಗ್ರ ತೆಗೆದಿಡಮ್ಮ. ಆಮೇಲೆ ಹಾಕ್ಕೊಂಡ್ರಾಯ್ತು."

ಎರಡು ಮಿಷನ್ ಆಚೆ ಅವಳ ಅತ್ತೆ ಅಮ್ಮಾಜಮ್ಮ ಕೂತಿದ್ದಳು. ಅವಳ ಮಿಷನ್ ಗಕ್ಕನೆ ನಿಂತಿತು. "ಯಾಕಪ್ಪಾ ತೆಗೀಬೇಕು? ನನ್ ಮಗ ಬದ್ಕವ್ನೆ! ಬೆಳಿಗ್ಗೆ ಎರಡು ಮುದ್ದೆ ಉಂಡು ಸೊಸೈಟಿಗೆ ಓಗವ್ನೆ!"

"ಅಯ್ಯೋ, ನಾನು ಹಂಗಂದೆನಾ ಅಮ್ಮಾಜಕ್ಕ..."

"ಎಂಗಂದ್ರೂ ಅದೇಯ! ಇನ್ನೊಬ್ರ ಮನೆ ಸೊಸೆ ಕಾಲ್ ಇಡ್ಕೊಂಡು ಉಂಗ್ರ ಬಿಚ್ಚು ಅಂತೀಯಲ್ಲ, ನಿಮ್ಮಮ್ಮ ಇದ್ನೇ ಏಳ್ಕೊಟ್ಳಾ?"

ಮುನಿರತ್ನಮ್ಮ ಮುಖ ಮುಚ್ಚಿಕೊಂಡು ನಕ್ಕಳೋ ಅತ್ತಳೋ ತಿಳಿಯಲಿಲ್ಲ. ಅಷ್ಟರಲ್ಲಿ ಹಾಲಿನ ಈ ತುದಿಯಿಂದ ಆ ತುದಿಗೆ ಸುದ್ದಿ ಓಡಿತು. ದೊಡ್ಡ ಕಾಲಿನವರನ್ನು ಕೆಲಸದಿಂದ ತೆಗೆಯುತ್ತಾರಂತೆ ಎಂದು ಒಂದು ಕಡೆ. ಕಾಲು ಸರಿಹೊಂದಿದವರನ್ನು ಜರ್ಮನಿಗೆ ಕಳಿಸುತ್ತಾರಂತೆ ಎಂದು ಇನ್ನೊಂದು ಕಡೆ. ಮೊದಲನೆಯವರು ಕಾಲನ್ನು ಸೀರೆಯೊಳಗೆ ಎಳೆದುಕೊಂಡರು. ಎರಡನೆಯವರು ಮುಂದೆ ಚಾಚಿದರು.

"ನಮ್ದು ಮಾತ್ರ ಕಾಲಲ್ವಾ ಸಾರ್?" ಕೆ.ಜಿ.ಎಫ್. ಹೆಂಗಸರ ಸಾಲಿನಿಂದ ಕದಿರಮ್ಮ ಎದ್ದು ನಿಂತಳು. "ರೈಲ್‌ನಲ್ಲಿ ಬಂದವ್ರು ಏನು ಮರಗಾಲು ಹಾಕ್ಕೊಂಡು ಬಂದಿದೀವಾ? ನೋಡ್ತಾನೇ ಇದೀನಿ, ನಿಮ್ ಹಳ್ಳಿಯೋರದು, ನಿಮ್ ಜನದ್ದೇ ಅಳೀತೀರಿ!"

ಯೂನಿಯನ್ನಿನ ಕೋದಂಡಪ್ಪ ಪ್ರತ್ಯಕ್ಷನಾಗಲು ಎರಡು ನಿಮಿಷವೂ ಹಿಡಿಯಲಿಲ್ಲ. ಅವನು ಕೂಗುವವನಲ್ಲ. ಮೆಲ್ಲಗೆ ಮಾತಾಡಿಯೇ ಕೆಲಸ ಸಾಧಿಸುವವನು.

"ಸೂಪರ್‌ವೈಸರ್ರೇ, ಕಾಲಿನಲ್ಲೂ ಜಾತಿ ನೋಡ್ತೀರಂತಲ್ಲ?"

"ಹಂಗೇನಿಲ್ಲ ಕೋದಂಡಪ್ಪನೋರೆ. ಅಳತೆಗೆ ಒಂದು ಕಾಲು ಬೇಕಾಗಿತ್ತು."

"ಅಳೀರಿ. ಬೇಡ ಅಂದೋರ್ಯಾರು? ಆದ್ರೆ ಮಸ್ಟರ್ ರೋಲಲ್ಲಿ ನೂರಾ ಹನ್ನೆರಡು ಹೆಂಗಸರ ಹೆಸ್ರು ಅದೆ. ಎಲ್ಲಾರ್ದೂ ಅಳೀಬೇಕು, ಒಬ್ಬರನ್ನೂ ಬಿಡಂಗಿಲ್ಲ. ಬಿಟ್ರೆ ಮಿಷನ್ ನಿಲ್ತವೆ. ಇವತ್ತು ಮದರಾಸಿನೋರು ಬೇರೆ ಬರ್ತಾರಂತೆ."

ಮ್ಯಾನೇಜರಿಗೆ ಫೋನು ಹೋಯಿತು. "ಅಳೆದು ಸಾಯ್ರೀ!" ಎಂದು ಅತ್ತಲಿಂದ ಉತ್ತರ ಬಂತು.

ಹೀಗೆ, ಒಂದೇ ಒಂದು ಕಾಲನ್ನು ತಪ್ಪಿಸಿಕೊಳ್ಳಲು ಹೊರಟ ಶ್ರೀರಾಮಪ್ಪ ಬೆಳಿಗ್ಗೆ ಹತ್ತಕ್ಕೆ ಮಣೆ ಹಾಕಿಕೊಂಡು ಕೂತ. ಎದುರಿಗೆ ಸಾಲು. ಹಳ್ಳಿಯವರು, ಗಣಿಯ ಲೈನುಮನೆಯವರು, ಕನ್ನಡದವರು, ತಮಿಳಿನವರು, ತೆಲುಗಿನವರು, ಶಿಲುಬೆ ಕಟ್ಟಿದವರು, ಕುಂಕುಮ ಇಟ್ಟವರು, ಬುರ್ಖಾ ಮಡಿಚಿ ಹೆಗಲಿಗೆ ಹಾಕಿಕೊಂಡವರು. ಒಬ್ಬೊಬ್ಬಳ ಹಿಮ್ಮಡಿ ಹಿಡಿದು, ಕಾಗದದ ಮೇಲೆ ಇಟ್ಟು, ಪೆನ್ಸಿಲಿನಿಂದ ಸುತ್ತ ಗೀಟು ಎಳೆದು, ಟೇಪು ಸುತ್ತಿ ಬರೆಯಬೇಕು. ಹತ್ತು ಕಾಲಿನವರೆಗೆ ಮುಖ ಪಕ್ಕಕ್ಕೆ ತಿರುಗಿಸಿಕೊಂಡೇ ಹಿಡಿದ. ಹಾಗೆ ಹಿಡಿದರೆ ಅಳತೆ ತಪ್ಪುತ್ತಿತ್ತು. ಹನ್ನೊಂದನೆಯದರಿಂದ ನೋಡಿ ಹಿಡಿದ.

ಹೆಂಗಸರೋ, ಕಾಲು ಕೊಟ್ಟ ಮೇಲೆ ಸುಮ್ಮನಿರುವವರಲ್ಲ. "ಇಲ್ಲಿ ಮುಳ್ಳು ಮುರ್ದು ಏಳು ವರ್ಸ ಆಯ್ತು ಸಾರ್, ಮೋಡ ಆದ್ರೆ ನೋಯ್ತದೆ." "ಈ ಉಗುರು ಹೋಗಿದ್ದು ನಿಮ್ ಕಾರ್ಖಾನೆ ಕಬ್ಬಿಣದ ಅಚ್ಚು ಬಿದ್ದು." "ರೈಲಿನಲ್ಲಿ ನಿಂತ್ಕೊಂಡೇ ಬರೋದಲ್ವಾ, ಸಂಜೆಗೆ ಒಂದು ನಂಬರು ಜಾಸ್ತಿ ಊದ್ತದೆ ಸಾರ್, ಅದ್ನೂ ಬರ್ಕೊಳ್ಳಿ." ಬರೆದುಕೊಳ್ಳದೆ ಇದ್ದರೆ ಎದ್ದು ಹೋಗುತ್ತಿರಲಿಲ್ಲ. ಸಾಲು ಬೇಗ ಕರಗಲಿ ಎಂದು ಶ್ರೀರಾಮಪ್ಪ ರಿಜಿಸ್ಟರಿನಲ್ಲಿ 'ನೋವು ಎಲ್ಲಿ' ಎಂದು ಇನ್ನೊಂದು ಅಂಕಣ ಎಳೆದು ಬರೆಯತೊಡಗಿದ. ಬೂಟು ಹೊಲಿಯುವ ಕಾರ್ಖಾನೆಯಲ್ಲಿ ಇಷ್ಟು ಬರಿಗಾಲುಗಳಿದ್ದವೆಂದು ಅವನಿಗೆ ಅವತ್ತೇ ಗೊತ್ತಾದದ್ದು. ಊಟದ ಗಂಟೆ ಹೊಡೆಯಿತು. ಅವನ ಡಬ್ಬಿ ತೆರೆಯಲೇ ಇಲ್ಲ. ಜಯರಾಮಪ್ಪ ಬಂದು ಇಣುಕಿ, ಅಯ್ಯೋ ಎಂಬಂತೆ ತಲೆಯಾಡಿಸಿ, ಆ ಡಬ್ಬಿಯನ್ನು ತಾನೇ ತಿಂದು ಮುಗಿಸಿ ಹೋದ.

ಎರಡೂ ಮುಕ್ಕಾಲಿಗೆ ನೂರಾ ಹನ್ನೆರಡನೆಯವಳು ಎದ್ದು ಹೋದಳು. ಮೂವತ್ತೇಳು ನಂಬರಿನವರು ನಾಲ್ಕೇ ಜನ. ಮೂವರಿಗೆ ಕಾಲುಂಗುರ. ಮದುವೆಯಾಗದ ಒಬ್ಬಳಿಗೆ ಹೆಬ್ಬೆರಳಿನ ಪಕ್ಕದಲ್ಲಿ ಅಡಿಕೆಯಷ್ಟು ದೊಡ್ಡ ಆಣಿ. ದೂರದಲ್ಲಿ ಮದರಾಸಿನ ರೈಲು ಕೂಗಿತು.

ಶ್ರೀರಾಮಪ್ಪ ಸೊಂಟ ಹಿಡಿದುಕೊಂಡು ಎದ್ದು ಅಂಗಳಕ್ಕೆ ಬಂದ.

ಪಾಪಕ್ಕ ನೀರಿನ ತೊಟ್ಟಿಯ ಹತ್ತಿರ ಚರ್ಮದ ಚೂರುಗಳನ್ನು ಗುಡ್ಡೆ ಮಾಡುತ್ತಿದ್ದಳು. ಗುತ್ತಿಗೆಯವಳಾದ್ದರಿಂದ ಅವಳ ಹೆಸರು ಮಸ್ಟರಿನಲ್ಲಿರಲಿಲ್ಲ. ಹಾಗಾಗಿ ಕೋದಂಡಪ್ಪನ 'ಎಲ್ಲಾರೂ' ಎಂಬುದರೊಳಗೂ ಅವಳಿರಲಿಲ್ಲ. ತಲೆಯೆತ್ತದೆಯೇ ಕೇಳಿದಳು: "ನೂರಾ ಹನ್ನೆರಡು ಜನದ ಕಾಲು ಇಡ್ದ್ರಂತೆ ಸಾರು, ನನ್ನೊಬ್ಳ ಕಾಲು ತಪ್ಪಿಸ್ಕಳಕ್ಕೆ?"

ಅವನು ಸ್ಟೇಷನ್ನಿನ ಕಡೆ ಕೈ ತೋರಿಸಿದ. "ರೈಲು ಬಂತು" ಎಂದ. "ಕಾಲು ಬೇಕಾಗಿತ್ತು."

"ಕಾಲು ಒಂದೇ ಬರಾಕಿಲ್ಲ ಸಾರು. ಜತೆಗೆ ನಾನೂ ಬರ್ಬೇಕಾಯ್ತದೆ."

ಪೊರಕೆ ಸುಮ್ಮನಾಗಿತ್ತು. ಅವಳು ಕಾಯುತ್ತಿದ್ದಳು. ಕುಪ್ಪುಸ್ವಾಮಿ ಒಂದು ದಿನವೂ ಅವಳನ್ನು ಹೀಗೆ ಕಾಯಿಸಿರಲಿಲ್ಲ ಎಂಬುದು ಶ್ರೀರಾಮಪ್ಪನಿಗೆ ನೆನಪಾಯಿತು. ಆರು ತಿಂಗಳಲ್ಲಿ ಮೊದಲ ಸಲ ಅಂದ: "ಪಾಪಕ್ಕಾ, ಬಾರಮ್ಮ."

ಅವಳು ನಲ್ಲಿ ತಿರುಗಿಸಿದಳು.

ಸ್ಯಾಂಪಲ್ ರೂಮಿನ ಬಾಗಿಲ ತುಂಬ ತಲೆಗಳು. ಎಲ್ಲಕ್ಕಿಂತ ಮುಂದೆ ಜಯರಾಮಪ್ಪನದು. ಮದರಾಸಿನ ಅಮ್ಮಾವ್ರು ಕನ್ನಡಕ ಹಾಕಿಕೊಂಡು ಪಕ್ಕದಲ್ಲಿ ನಿಂತಿದ್ದರು, ನರೆತ ಕೂದಲು, ಖಾದಿ ಸೀರೆ. ಶ್ರೀರಾಮಪ್ಪ ಮಣೆಯ ಮೇಲೆ ಕೂತು ಪಾಪಕ್ಕನ ಕಾಲನ್ನು ಮಡಿಲಿಗೆ ಎತ್ತಿಕೊಂಡ. ನೀರಿನ ತಂಪು ಪ್ಯಾಂಟಿನೊಳಕ್ಕೆ ಇಳಿಯಿತು. ಬೆಳಗಿನಿಂದ ಹಿಡಿದಿದ್ದ ಇನ್ನೂರ ಇಪ್ಪತ್ತನಾಲ್ಕು ಪಾದಗಳಿಗಿಂತ ಇದು ಭಾರವಾಗಿರಲಿಲ್ಲ, ಹಗುರವಾಗಿಯೂ ಇರಲಿಲ್ಲ. ಆಕಾಶ ಇದ್ದಲ್ಲೇ ಇತ್ತು. ಅವನಿಗೆ ಅದರಿಂದ ಒಂದು ಬಗೆಯ ನಿರಾಶೆಯೇ ಆಯಿತೆನ್ನಬೇಕು. ಒಂದು ದಿನವಿಡೀ ಹೆದರಿದ್ದಕ್ಕೆ ಏನಾದರೂ ಆಗಬೇಕಿತ್ತು.

ಬೂಟು ತೊಡಿಸಿ, ಬಗ್ಗಿ, ಅವಳಿಗೆ ಮಾತ್ರ ಕೇಳುವಂತೆ ಪಿಸುಗುಟ್ಟಿದ: "ಸರಿಯಾಗೈತೆ ಅಂತ ಹೇಳ್ಬಿಡಮ್ಮ. ನನ್ನ ಕೆಲಸದ ಮಾತು."

ಪಾಪಕ್ಕ ಒಂದು ಗಳಿಗೆ ಅವನನ್ನೇ ನೋಡಿದಳು. ಆ ನೋಟದಲ್ಲಿ ಹಗೆ ಇರಲಿಲ್ಲ. ಆಮೇಲೆ ಎಲ್ಲರಿಗೂ ಕೇಳುವಂತೆ ಹೇಳಿದಳು: "ಕಿರುಬೆರಳ ಅತ್ರ ಕಚ್ತದೆ. ಇಲ್ಲ ಅಂತ ಏಳ್ಬೌದು. ಆದ್ರೆ ನಾಳೆ ಇದ್ನ ಯಾವಳೋ ಆಕ್ಕೊಂತಾಳಲ್ಲ, ಅವ್ಳ ಕಾಲಲ್ಲಿ ರಕ್ತ ಬತ್ತದೆ."

ಶ್ರೀರಾಮಪ್ಪನ ಕಣ್ಣ ಮುಂದೆ ಊರಿನ ಎಮ್ಮೆಗಳು ಒಂದರ ಹಿಂದೊಂದು ಸಾಲಾಗಿ ಬಂದು ನಿಂತವು.

ಅಮ್ಮಾವ್ರು ತಾವೇ ಬಗ್ಗಿ ಒತ್ತಿ ನೋಡಿದರು. ಹೌದೆಂದರು. ಅಲ್ಲಿ ಒಂದು ನೂಲು ಅಗಲ ಮಾಡಿದರೆ ಸಾಕು, ಬೂಟು ಪಾಸು ಎಂದರು. ನಿಜ ಹೇಳಿದ್ದಕ್ಕೆ ಪಾಪಕ್ಕನ ಬೆನ್ನು ತಟ್ಟಿದರು. ಶ್ರೀರಾಮಪ್ಪ ಬಿಟ್ಟ ಉಸಿರಿಗೆ ಮೇಜಿನ ಮೇಲಿನ ರಿಜಿಸ್ಟರಿನ ಹಾಳೆ ಪಟಪಟ ಎಂದಿತು. ಅಮ್ಮಾವ್ರ ಕಣ್ಣು ಆ ಕಡೆ ಹೋಯಿತು.

"ಇದೇನು?"

ಅವರು ಕೂತು ಓದತೊಡಗಿದರು. ಒಂದು ಹಾಳೆ, ಹತ್ತು ಹಾಳೆ. ಕಾಫಿ ಆರಿತು. ಕನ್ನಡ ಬಾರದ ಕಡೆ ಮ್ಯಾನೇಜರನ್ನು ಕೇಳಿ ತಿಳಿದುಕೊಂಡರು. ಅರ್ಧ ಹಾದಿಯಲ್ಲಿ ಶ್ರೀರಾಮಪ್ಪನನ್ನು ಆಚೆ ಹೋಗಿ ಕಾಯಲು ಹೇಳಿದರು. ಒಂದು ಇಡೀ ದಿನದ ಹೊಲಿಗೆ ಕೆಡಿಸಿದ್ದಕ್ಕೆ ಈಗ ಲೆಟರು ಕೊಡುತ್ತಾರೆ ಎಂದು ಅವನು ಗೋಡೆಗೆ ಒರಗಿ ನಿಂತ.

ಐದು ಗಂಟೆಗೆ ಒಳಗೆ ಕರೆದರು. ಮ್ಯಾನೇಜರ ಮುಖ ಹಬ್ಬದ ಮನೆಯಾಗಿತ್ತು.

"ಶ್ರೀರಾಮಪ್ಪ, ನೀವು ಇವತ್ತಿನಿಂದ ಪರ್ಮನೆಂಟು."

ಅವನ ಕಣ್ಣಲ್ಲಿ ನೀರೇ ಬಂತು. "ದೊಡ್ಡ ಉಪಕಾರ ಆಯ್ತು ಸಾರ್. ಸ್ಯಾಂಪಲ್ ರೂಮನ್ನ..."

"ಸ್ಯಾಂಪಲ್ ರೂಮನ್ನ ಕುಪ್ಪುಸ್ವಾಮಿ ನೋಡ್ಕೊಳ್ತಾರೆ. ಸೂಪರ್‌ವೈಸರ್ ಅವರೇ. ನಿಮ್ಮ ಕೆಲಸ ಬೇರೆ, ಇನ್ನೂ ದೊಡ್ಡದು. ನಮ್ಮ ಹಳ್ಳಿ ಹೆಂಗಸರ ಕಾಲಿಗೆ ಹೊಂದೋ ಚಪ್ಪಲಿ ಮಾಡ್ಬೇಕು ಅಂತ ಅಮ್ಮಾವ್ರು ಮೂರು ವರ್ಷದಿಂದ ಅಳತೆಗೆ ಒದ್ದಾಡ್ತಾ ಇದಾರೆ. ಕಳಿಸಿದೋರೆಲ್ಲ ಅರ್ಧ ಬೀದಿ ಅಳೆದು, ಇನ್ನರ್ಧ ಬೀದಿ ಬಿಟ್ಟು ಬಂದ್ರಂತೆ. ಕೆಲವರ ಕಾಲು ಮುಟ್ಟೋಕೆ ಅವರಿಗಾಗಲ್ವಂತೆ. ಎಂಥಾ ಜನ ನೋಡಿ."

ಅಮ್ಮಾವ್ರು ಎದ್ದು ಬಂದು ಎರಡೂ ಕೈ ಜೋಡಿಸಿದರು. ತಮಿಳು ಬೆರೆಸಿದ ಕನ್ನಡದಲ್ಲಿ ನಿಧಾನವಾಗಿ ಹೇಳಿದರು: "ಯಾರೂ ಹೇಳದೆ ನೀವು ತಾನಾಗಿ ಇದನ್ನ ಮಾಡಿದ್ದು. ಎಲ್ಲಾ ಜಾತಿ, ಎಲ್ಲಾ ಮತ. ನೋವೆಲ್ಲಿ ಅಂತ ಕೂಡ ಕೇಳಿದ್ರಿ. ಭೇದ ಇಲ್ಲದ ಮನುಷ್ಯನನ್ನ ನಾನು ಇವತ್ತು ನೋಡಿದೆ."

ನೂರಾ ಹನ್ನೆರಡು ಜನರ ಕಾಲು ಯಾತಕ್ಕಾಗಿ ಹಿಡಿದೆನೆಂದು ಹೇಳಿಬಿಡಲು ಶ್ರೀರಾಮಪ್ಪ ಬಾಯಿ ತೆರೆದ. ಹೇಳಿದರೆ ಖಾಯಂ ಹೋಗುತ್ತದೆ. ಹೇಳದಿದ್ದರೆ ಮಾನ ಹೋಗುತ್ತದೆಯೋ ಉಳಿಯುತ್ತದೆಯೋ ಅವನಿಗೇ ಗೊತ್ತಾಗಲಿಲ್ಲ. ಬಾಯಿ ಮುಚ್ಚಿದ.

"ಐದು ಸಾವಿರ ಜೊತೆ ಕಾಲು," ಮ್ಯಾನೇಜರು ಕಾಗದ ನೋಡಿ ಓದಿದರು. "ಸೋಮವಾರ ಇಲ್ಲಿಗೆ ಬಂದು ಟೇಪು, ರಿಜಿಸ್ಟರು ತಗೊಂಡು ಹೊರಡಿ, ಕಾಮಸಮುದ್ರ ಹೋಬಳಿಯಿಂದ ಶುರು. ಮೊದಲು ನಿಮ್ಮ ಊರೇ ಇರಲಿ, ಪರಿಚಯದ ಜನ. ಊರು, ಕಾಲೊನಿ, ಎಲ್ಲಾ ಬೀದೀನೂ. ಕೆಲಸ ಕಲಿಸೋಕೆ ಪಾಪಕ್ಕ ಜೊತೆಗೆ ಬರ್ತಾರೆ. ಅವರ ಹೆಸರೂ ಮಸ್ಟರಿಗೆ ಹಾಕಿದೀವಿ. ಮೊದಲ ಆರು ತಿಂಗಳು ಎಲ್ಲಿ ಒತ್ತಬೇಕು, ಹೆಂಗೆ ಕೇಳಬೇಕು ಅಂತ ಅವರು ಹೇಳಿದ ಹಾಗೆ ನೀವು ಕೇಳ್ಬೇಕು."

ಗೇಟಿನ ಹತ್ತಿರ ಪಾಪಕ್ಕ ನಿಂತಿದ್ದಳು. ಕೈಯಲ್ಲಿ ಪೊರಕೆ ಇರಲಿಲ್ಲ. ಕೈಯನ್ನು ಎಲ್ಲಿಟ್ಟುಕೊಳ್ಳಬೇಕೋ ತಿಳಿಯದೆ ಸೆರಗು ಹಿಡಿದಿದ್ದಳು. "ಸೋಮ್ವಾರ ಬಸ್ಸು ಎಷ್ಟೊತ್ಗೆ ಸಾರು?"

"ಎಂಟೂವರೆಗೆ."

"ಕುಂತ್ಕಳಕ್ಕೆ ಜಾಗ ಸಿಕ್ತದಾ?"

"ಎರಡು ಸೀಟು ಹಿಡೀತೀನಿ ಬಿಡಮ್ಮ" ಎಂದ. ಅಂದ ಮೇಲೆ ತಾನು ಅಂದದ್ದೇನೆಂದು ಅವನಿಗೆ ಹೊಳೆಯಿತು.

ಕಾಮಸಮುದ್ರದ ಸಂಜೆಯ ಬಸ್ಸು ಸ್ಟ್ಯಾಂಡಿನಲ್ಲಿ ತುಂಬಿ ನಿಂತಿತ್ತು. ಸೊಂಟ ನೆಟ್ಟಗಾಗದ ಶ್ರೀರಾಮಪ್ಪ ಕುಂಟುತ್ತ ಹತ್ತುವಷ್ಟರಲ್ಲಿ ಜಯರಾಮಪ್ಪ ಕಿಟಕಿಯ ಪಕ್ಕದ ಸೀಟು ಹಿಡಿದು, ಗಂಟಲು ಒಣಗಿ, ಕಡಲೆಕಾಯಿ ಬಿಡಿಸುತ್ತ ಕೂತಿದ್ದ. ಅಂದರೆ ಹೇಳಬೇಕಾದದ್ದೆಲ್ಲ ಹೇಳಿ ಮುಗಿದಿತ್ತು. ಊರಿನ ಹೆಂಗಸರೆಲ್ಲ ಅವನ ಮುಖ ನೋಡಿದರು. ಅವನು ತಲೆ ತಗ್ಗಿಸಿದ. ಈಗ ಯಾರಾದರೂ ಎದ್ದು ದೂರ ಸರಿಯುತ್ತಾರೆ, ಯಾರಾದರೂ ಥೂ ಎನ್ನುತ್ತಾರೆ ಎಂದು ಕಾದ.

ಮುಂದಿನ ಸೀಟಿನಲ್ಲಿ ಅವನ ಮನೆಯ ಎದುರುಮನೆಯ ಮಾರಿಯಮ್ಮಜ್ಜಿ ಕೂತಿದ್ದಳು. ಊರಿನಲ್ಲಿ ಮಡಿ, ಮೈಲಿಗೆ, ಪಂಕ್ತಿ ಎಂದರೆ ಅವಳದೇ ಕೊನೆಯ ಮಾತು. ಅವಳು ಸಂತೆಯ ಚೀಲವನ್ನು ಕೆಳಗಿಟ್ಟಳು. ಸೀರೆಯನ್ನು ಮೊಣಕಾಲಿನ ತನಕ ಸರಿಸಿ, ಬಿರಿದು ಬೇರಾಗಿದ್ದ ಒಂದು ಹಿಮ್ಮಡಿಯನ್ನು ಎತ್ತಿ ದಾರಿಗೆ ಅಡ್ಡವಾಗಿ ಚಾಚಿದಳು.

"ನಂದ್ನ ಇವಾಗ್ಲೇ ಅಳ್ದ್ಬಿಡಪ್ಪಾ ಶ್ರೀರಾಮ. ಸೋಮ್ವಾರದ ಗಂಟ ಇರ್ತೀನೋ ಇಲ್ವೋ. ಇಲ್ಲಿ, ಈ ಬೆರಳ ಸಂದೀಲಿ ಬಾಳ ನೋಯ್ತದೆ. ಅದ್ನೂ ಬರ್ಕೋ."

ಅವಳ ಹಿಂದಿನ ಸೀಟಿನಿಂದ ಇನ್ನೊಂದು ಕಾಲು ಹೊರಗೆ ಬಂತು. ಅದರ ಹಿಂದೆ ಇನ್ನೊಂದು.

ಕಂಡಕ್ಟರು ಸೀಟಿ ಊದಿದ. ಶ್ರೀರಾಮಪ್ಪ ಕಂಬಿ ಬಿಟ್ಟು, ಸೊಂಟ ಹಿಡಿದುಕೊಂಡು, ನಡೆದಾಡುವ ದಾರಿಯಲ್ಲೇ ಕುಕ್ಕರಗಾಲಿನಲ್ಲಿ ಕೂತ.